ಶಿಲ್ಪ ನೋಡುವುದು ಕಾಲಿನಿಂದ

ಮೊದಲ ಶಿಲ್ಪದ ಹತ್ತಿರ ಬಂದಾಗ ನಾನು ಏನನ್ನೂ ಹೇಳುವುದಿಲ್ಲ. "ಒಂದು ಸುತ್ತು ಹಾಕಿ ಬನ್ನಿ, ಆಮೇಲೆ ಮಾತಾಡೋಣ" ಅನ್ನುತ್ತೇನೆ, ಅಷ್ಟೇ. ಗುಂಪಿನಲ್ಲಿ ಕೆಲವರು ಮುಖ ಮುಖ ನೋಡಿಕೊಳ್ಳುತ್ತಾರೆ. ಗೈಡ್ ಜೊತೆ ಬಂದದ್ದೇ ವಿವರಣೆ ಕೇಳುವುದಕ್ಕೆ, ಇವರು ಬಾಯೇ ಬಿಡುತ್ತಿಲ್ಲವಲ್ಲ ಅನ್ನುವ ಭಾವ. ಆದರೂ ಹೊರಡುತ್ತಾರೆ.

ಸುತ್ತು ಅರ್ಧ ಆಗುವಷ್ಟರಲ್ಲಿ ಯಾರಾದರೂ ಒಬ್ಬರು ನಿಂತುಬಿಡುತ್ತಾರೆ. ಮುಂದಿನಿಂದ ಆರಾಮಾಗಿ ಕೂತಂತೆ ಕಂಡ ಆಕೃತಿ ಹಿಂದಿನಿಂದ ನೋಡಿದರೆ ಈಗಲೋ ಆಗಲೋ ಎದ್ದು ಹೋಗುವ ಹಾಗಿದೆ. ಒಂದು ಮಗ್ಗುಲಿನಿಂದ ದಪ್ಪ ಬಂಡೆ, ಇನ್ನೊಂದು ಮಗ್ಗುಲಿನಿಂದ ಅದರೊಳಗೊಂದು ತೂತು, ಆ ತೂತಿನಲ್ಲಿ ಆಚೆಯ ಮರ. ಇದನ್ನು ನಾನು ಹೇಳಿದ್ದರೆ ಅವರು ತಲೆಯಾಡಿಸುತ್ತಿದ್ದರು. ಈಗ ಅವರೇ ಕಂಡಿದ್ದಾರೆ.

ಬಯಲಿನ ಶಿಲ್ಪ ಉದ್ಯಾನಗಳಲ್ಲಿ ಜನರನ್ನು ಕರೆದುಕೊಂಡು ನಡೆಯುವುದು ನನ್ನ ಕೆಲಸ. ಶುರುವಿನ ವರ್ಷಗಳಲ್ಲಿ ನಾನೂ ಪ್ರತಿ ಶಿಲ್ಪದ ಎದುರು ನಿಂತು ಇಸವಿ, ಕಲಾವಿದರ ಬದುಕು, ಯಾವ ಪಂಥ ಅಂತೆಲ್ಲ ಹೇಳುತ್ತಿದ್ದೆ. ಜನ ಗಮನ ಕೊಟ್ಟು ಕೇಳುತ್ತಿದ್ದರು. ಆದರೆ ಅವರ ಕಣ್ಣು ಇರುತ್ತಿದ್ದದ್ದು ನನ್ನ ಮುಖದ ಮೇಲೆ. ಶಿಲ್ಪ ನನ್ನ ಬೆನ್ನ ಹಿಂದೆ ಸುಮ್ನೆ ನಿಂತಿರುತ್ತಿತ್ತು. ಒಂದು ದಿನ ಏಳೆಂಟು ವರ್ಷದ ಹುಡುಗಿಯೊಬ್ಬಳು ಮಾತಿನ ಮಧ್ಯೆಯೇ ಗುಂಪು ಬಿಟ್ಟು ಹೋಗಿ, ಹಿಂದಿನಿಂದ ಕೂಗಿದಳು: "ಇಲ್ಲಿ ಇನ್ನೊಂದು ಮುಖ ಇದೆ!" ನಿಜಕ್ಕೂ ಇತ್ತು. ನಾವು ಇಪ್ಪತ್ತು ಜನ ಹತ್ತು ನಿಮಿಷ ಒಂದೇ ಕಡೆ ನಿಂತು ಅರ್ಧ ಶಿಲ್ಪವನ್ನು ಮಾತ್ರ ನೋಡಿದ್ದೆವು. ಅವತ್ತಿನಿಂದ ಮೊದಲು ನಡಿಗೆ, ಆಮೇಲೆ ಮಾತು.

ಚಿತ್ರವನ್ನು ಒಂದು ಜಾಗದಲ್ಲಿ ನಿಂತು ನೋಡಬಹುದು. ಶಿಲ್ಪವನ್ನು ಆಗದು. ಎಷ್ಟು ಹೆಜ್ಜೆ ಹಾಕುತ್ತೀರೋ ಅಷ್ಟು ಶಿಲ್ಪ ಸಿಗುತ್ತದೆ. ಬಯಲಿನಲ್ಲಿ ಇದು ಇನ್ನೂ ಜಾಸ್ತಿ ನಿಜ, ಯಾಕೆಂದರೆ ಅಲ್ಲಿ ದೂರ ಇದೆ. ಹೊಸ ಶಿಲ್ಪವೊಂದು ದೂರದಲ್ಲಿ ಕಂಡ ಕೂಡಲೇ ನಾನು ಗುಂಪನ್ನು ನಿಲ್ಲಿಸುತ್ತೇನೆ. ಅಲ್ಲಿಂದ ಅದು ಒಂದು ಗೆರೆ, ಆಕಾಶದ ಮುಂದೆ ಒಂದು ಕಪ್ಪು ಆಕಾರ. ಇನ್ನೊಂದಷ್ಟು ಮುಂದೆ ಹೋಗಿ, ಅದರ ಎತ್ತರದ ಸುಮಾರು ಎರಡು ಪಟ್ಟು ದೂರದಲ್ಲಿ ನಿಂತರೆ ತಲೆ ಎತ್ತದೆ, ಕತ್ತು ಆಡಿಸದೆ ಪೂರ್ತಿ ಆಕೃತಿ ಒಂದೇ ನೋಟಕ್ಕೆ ಸಿಗುತ್ತದೆ. ಐದು ಮೀಟರ್ ಎತ್ತರವಿದ್ದರೆ ಹತ್ತು ಮೀಟರ್ ದೂರ. ಆಮೇಲೆ ತೀರಾ ಹತ್ತಿರ. ಅಲ್ಲಿ ಆಕೃತಿ ಮಾಯವಾಗಿ ಉಳಿಯ ಗುರುತು, ಬೆಸುಗೆಯ ಗೆರೆ, ಜೇಡಿಮಣ್ಣಿನಲ್ಲಿ ಒತ್ತಿದ ಹೆಬ್ಬೆರಳಿನ ಅಚ್ಚು ಕಾಣತೊಡಗುತ್ತವೆ. ಬಹಳ ಜನ ದೂರದಿಂದ ಫೋಟೋ ತೆಗೆದು ಮುಂದೆ ಹೋಗುತ್ತಾರೆ, ಇಲ್ಲವೇ ನೇರವಾಗಿ ಪೀಠದ ಹತ್ತಿರ ಹೋಗಿ ಹೆಸರಿನ ಫಲಕ ಓದುತ್ತಾರೆ. ಮಧ್ಯದ ಆ ದೂರ ತಪ್ಪಿಹೋಗುತ್ತದೆ.

ಫಲಕದ ಬಗ್ಗೆ ನನ್ನದೊಂದು ಹಟ ಇದೆ: ಅದನ್ನು ಕೊನೆಗೆ ಓದಿ. 'ತಾಯಿ' ಅಂತ ಮೊದಲೇ ಓದಿಬಿಟ್ಟರೆ ಕಣ್ಣು ತಾಯಿಯನ್ನು ಮಾತ್ರ ಹುಡುಕುತ್ತದೆ. ಬೇರೆ ಏನು ಕಾಣಬಹುದಿತ್ತೋ ಅದು ಹೋಯಿತು.

ನಡಿಗೆಯನ್ನೇ ನಂಬಿಕೊಂಡ ಕೃತಿಗಳೂ ಇವೆ. ಅಮೆರಿಕದ ನ್ಯೂಯಾರ್ಕ್ ರಾಜ್ಯದಲ್ಲಿ ಸ್ಟಾರ್ಮ್ ಕಿಂಗ್ ಎನ್ನುವ ಶಿಲ್ಪ ಉದ್ಯಾನ ಇದೆ. 1960ರಲ್ಲಿ ಶುರುವಾದದ್ದು, ಸುಮಾರು 500 ಎಕರೆ. ಅಲ್ಲಿ ಆಂಡಿ ಗೋಲ್ಡ್ಸ್‌ವರ್ದಿ 1997-98ರಲ್ಲಿ ಒಂದು ಕಲ್ಲಿನ ಗೋಡೆ ಕಟ್ಟಿಸಿದರು. ಉದ್ದ 2,278 ಅಡಿ. ಗಾರೆ ಇಲ್ಲ, ಕಲ್ಲಿನ ಮೇಲೆ ಕಲ್ಲು, ಅಷ್ಟೇ. ಅದು ಮರಗಳ ನಡುವೆ ಹಾವಿನಂತೆ ಬಳುಕುತ್ತಾ ಹೋಗಿ ಕೊಳಕ್ಕಿಳಿದು, ಆಚೆ ದಡದಲ್ಲಿ ಮತ್ತೆ ಮೇಲೇಳುತ್ತದೆ. ಇದನ್ನು ಒಂದು ಕಡೆ ನಿಂತು 'ನೋಡಿದೆ' ಅನ್ನಲು ಬರುವುದಿಲ್ಲ, ಗೋಡೆಯ ಪಕ್ಕ ನಡೆಯಲೇಬೇಕು. ಅದೇ ಉದ್ಯಾನದಲ್ಲಿ ರಿಚರ್ಡ್ ಸೆರಾ ನಾಲ್ಕು ಭಾರೀ ಉಕ್ಕಿನ ಹಲಗೆಗಳನ್ನು ಇಳಿಜಾರಿನಲ್ಲಿ ಹೂತಿದ್ದಾರೆ. ನೆಲ ಇಳಿದಂತೆ ಹಲಗೆ ಜಾಸ್ತಿ ಕಾಣುತ್ತದೆ, ನೆಲ ಏರಿದ ಕಡೆ ಮುಳುಗಿಹೋಗುತ್ತದೆ. ಅವುಗಳ ಮೇಲಂಚು ನೇರ, ಬಗ್ಗಿರುವುದು ನೆಲ. ಹುಲ್ಲುಗಾವಲು ಎಷ್ಟು ಇಳಿಜಾರು ಅಂತ ಅಳೆದು ತೋರಿಸುವ ಸ್ಕೇಲಿನ ಹಾಗೆ ಅವು ನಿಂತಿವೆ. ಇನ್ನೊಂದು ಮೂಲೆಯಲ್ಲಿ, ಹಿಂದೆ ಜಲ್ಲಿ ತೆಗೆಯುತ್ತಿದ್ದ ಹಳ್ಳದಲ್ಲಿ, ಮಾಯಾ ಲಿನ್ ಮಣ್ಣು ಹುಲ್ಲಿನಲ್ಲೇ 7 ಸಾಲು ಅಲೆಗಳನ್ನು ಎಬ್ಬಿಸಿದ್ದಾರೆ. ಎರಡು ಅಲೆಗಳ ನಡುವೆ ನಿಂತವರು ಪಕ್ಕದ ಸಾಲಿನವರಿಗೆ ಕಾಣುವುದಿಲ್ಲ.

ಇಂಥ ಕಡೆ "ಇದರ ಅರ್ಥ ಏನು?" ಅನ್ನುವುದಕ್ಕಿಂತ "ಇದನ್ನು ಇಲ್ಲೇ ಯಾಕೆ ಇಟ್ಟರು?" ಅಂತ ಗೈಡ್‌ನ ಕೇಳಿ. ಮರದ ಪಕ್ಕ ಯಾಕೆ, ದಿಣ್ಣೆಯ ತುದಿಯಲ್ಲಿ ಯಾಕೆ ಇಡಲಿಲ್ಲ, ಮುಖ ಯಾವ ದಿಕ್ಕಿಗೆ? ಈ ಪ್ರಶ್ನೆ ಕೇಳಿದಾಗ ನನಗೆ ನಿಜವಾಗಿಯೂ ಖುಷಿಯಾಗುತ್ತದೆ, ಯಾಕೆಂದರೆ ಪ್ರತಿ ಜಾಗದ ಹಿಂದೆ ಒಂದು ತೀರ್ಮಾನ ಇರುತ್ತದೆ. ಬಯಲಿನ ಬೆಳಕಿನಲ್ಲಿ ಶಿಲ್ಪ ಇರಬೇಕು ಅಂತ ಜೀವನಪೂರ್ತಿ ನಂಬಿದ್ದ ಹೆನ್ರಿ ಮೂರ್, ಇಂಗ್ಲೆಂಡಿನ ಪೆರಿ ಗ್ರೀನ್‌ನಲ್ಲಿ ತಮ್ಮ ಒಂದು ದೊಡ್ಡ ಕಂಚಿನ ಕೃತಿಯನ್ನು ಕುರಿ ಮೇಯುವ ಹೊಲದಲ್ಲೇ ನಿಲ್ಲಿಸಿದರು. ಕುರಿಗಳು ಅದರ ನೆರಳಲ್ಲಿ ಮಲಗುತ್ತವೆ, ಮೈ ಉಜ್ಜುತ್ತವೆ.

ಬೆಳಕು ಅಂದೆನಲ್ಲ. ನಡಿಗೆಯ ಹೊತ್ತನ್ನು ಆರಿಸಿಕೊಳ್ಳುವ ಅವಕಾಶ ಇದ್ದರೆ ಬೆಳಿಗ್ಗೆ ಬೇಗ ಅಥವಾ ಸಂಜೆ ಬನ್ನಿ. ಓರೆಯಾಗಿ ಬೀಳುವ ಬಿಸಿಲು ಪ್ರತಿ ಉಬ್ಬು ತಗ್ಗನ್ನೂ ಎತ್ತಿ ತೋರಿಸುತ್ತದೆ. ನಡು ಮಧ್ಯಾಹ್ನದ ಬಿಸಿಲು ನೆತ್ತಿಯ ಮೇಲೆ ಬಿದ್ದು ಮುಖಗಳನ್ನೆಲ್ಲ ಚಪ್ಪಟೆ ಮಾಡುತ್ತದೆ, ಕಣ್ಣಿನ ಗುಳಿ ಕಪ್ಪಾಗುತ್ತದೆ. ಮೋಡದ ದಿನವನ್ನು ಜನ ಇಷ್ಟಪಡುವುದಿಲ್ಲ, ನಾನು ಇಷ್ಟಪಡುತ್ತೇನೆ: ನೆರಳಿನ ಗದ್ದಲ ಇಲ್ಲದೆ ಮೇಲ್ಮೈ ಹೇಗಿದೆ ಅಂತ ನಿಧಾನವಾಗಿ ನೋಡಬಹುದು. ಮಳೆ ನಿಂತ ಮೇಲಿನ ಅರ್ಧ ಗಂಟೆಯಂತೂ ಬಿಡಲೇಬಾರದು. ಒದ್ದೆ ಗ್ರಾನೈಟ್ ಬೇರೆಯೇ ಕಲ್ಲು. ಗುಡುಗಿದರೆ ಮಾತ್ರ ನಾನು ನಡಿಗೆ ನಿಲ್ಲಿಸಿಬಿಡುತ್ತೇನೆ. ತೆರೆದ ದಿಣ್ಣೆ, ಮೇಲೆ ಎತ್ತರದ ಲೋಹ. ಅಲ್ಲಿ ಜನರನ್ನು ನಿಲ್ಲಿಸಿಕೊಳ್ಳುವ ಪ್ರಶ್ನೆಯೇ ಇಲ್ಲ.

ಎಲ್ಲರೂ ಕೇಳುವ ಪ್ರಶ್ನೆ ಒಂದಿದೆ: ಮುಟ್ಟಬಹುದಾ?

ಕೃತಿಗೊಂದು ನಿಯಮ. ಸ್ಟಾರ್ಮ್ ಕಿಂಗ್‌ನಲ್ಲೇ ಇಸಾಮು ನೊಗುಚಿ ಮಾಡಿದ ಗ್ರಾನೈಟ್ ಶಿಲ್ಪವೊಂದರ ಪೊಳ್ಳಿನೊಳಗೆ ಹತ್ತಿ ಕೂರಬಹುದು, ಅದನ್ನು ಮಾಡಿದ್ದೇ ಹಾಗೆ. ನೆದರ್ಲೆಂಡ್ಸ್‌ನ ಕ್ರೋಲರ್-ಮ್ಯುಲರ್ ಉದ್ಯಾನದಲ್ಲಿ ಡುಬುಫೆ ಅವರ ಬಿಳಿ ಬಣ್ಣದ, ಕಪ್ಪು ಗೆರೆಯ ದೊಡ್ಡ ಕೃತಿಯೊಳಗೆ ಮೆಟ್ಟಿಲು ಹತ್ತಿ ಹೋಗಿ ಮೇಲೆ ಓಡಾಡಬಹುದು. ಆದರೆ ಮಿಕ್ಕವುಗಳಿಗೆ ನಮ್ಮ ಕೈ ಒಳ್ಳೆಯದಲ್ಲ. ಬೆವರಿನಲ್ಲಿ ಉಪ್ಪು ಇದೆ, ಆಮ್ಲ ಇದೆ, ಚರ್ಮದಲ್ಲಿ ಎಣ್ಣೆ ಇದೆ. ಒಬ್ಬರು ಮುಟ್ಟಿದರೆ ಏನೂ ಆಗುವುದಿಲ್ಲ. ಲಕ್ಷ ಜನ ಮುಟ್ಟಿದರೆ ಏನಾಗುತ್ತದೆ ಅನ್ನುವುದನ್ನು ನಾರ್ವೆಯ ಓಸ್ಲೋದಲ್ಲಿ ನೋಡಬಹುದು. ಅಲ್ಲಿನ ವಿಗೆಲಾಂಡ್ ಉದ್ಯಾನದ ಸೇತುವೆಯ ಮೇಲೆ ಸಿಟ್ಟಿನಿಂದ ಕಾಲು ನೆಲಕ್ಕೆ ಒದೆಯುವ ಕಂಚಿನ ಪುಟ್ಟ ಹುಡುಗನೊಬ್ಬ ಇದ್ದಾನೆ. ಮೈಯೆಲ್ಲ ಕಪ್ಪು, ಕೈ ಮಾತ್ರ ಚಿನ್ನದ ಹಾಗೆ ಹೊಳೆಯುತ್ತದೆ. ಬಂದವರೆಲ್ಲ ಅವನ ಕೈ ಹಿಡಿದು ಹೋಗುತ್ತಾರೆ. ಆ ಹೊಳಪು ಚೆನ್ನಾಗಿಯೇ ಕಾಣುತ್ತದೆ, ಒಪ್ಪುತ್ತೇನೆ. ಆದರೆ ಅಲ್ಲಿ ಸವೆದು ಹೋದದ್ದು ಕಲಾವಿದರು ಬೇಕೆಂದೇ ಕೊಟ್ಟ ಬಣ್ಣ. ಕಂಚಿನ ಕಂದು, ಹಸಿರು, ಕಪ್ಪು ಎಲ್ಲ ತಾನಾಗಿ ಬಂದದ್ದಲ್ಲ. ಹೆಚ್ಚಿನ ಸಲ ಎರಕ ಹೊಯ್ದ ಮೇಲೆ ಲೋಹವನ್ನು ಬಿಸಿ ಮಾಡಿ, ರಾಸಾಯನಿಕ ಹಚ್ಚಿ, ಬೇಕೆಂದೇ ಬರಿಸಿದ ಕಿಲುಬು ಅದು. ಅದನ್ನು ಉಳಿಸಲು ವರ್ಷಕ್ಕೆ ಒಂದೋ ಎರಡೋ ಸಲ ತೊಳೆದು ಮೇಣ ಬಳಿಯುತ್ತಾರೆ.

ಮುಟ್ಟುವುದರ ವಿಷಯದಲ್ಲಿ ನನ್ನ ಕಣ್ಣು ತೆರೆಸಿದವರು ಕಣ್ಣು ಕಾಣದ ಒಬ್ಬ ಹಿರಿಯ ಮಹಿಳೆ. ದೃಷ್ಟಿ ಇಲ್ಲದವರಿಗಾಗಿ ಕೆಲವು ಕೃತಿಗಳನ್ನು ಮುಟ್ಟಲು ಬಿಡುವ ನಡಿಗೆ ಅದು. ಕೈ ತೊಳೆದು, ಉಂಗುರ ಬಳೆ ತೆಗೆದಿಟ್ಟು ಬಂದಿದ್ದರು. ಒಂದು ಕಂಚಿನ ಆಕೃತಿಯ ಬೆನ್ನ ಮೇಲೆ ನಿಧಾನವಾಗಿ ಬೆರಳು ಆಡಿಸುತ್ತಾ "ಇದನ್ನು ಇಲ್ಲಿ ಹೊಲಿದಿದ್ದಾರಾ?" ಅಂದರು. ಎಷ್ಟೋ ವರ್ಷ ದಿನಾ ನೋಡಿದ ಶಿಲ್ಪ, ನನಗೆ ಗೊತ್ತೇ ಇರಲಿಲ್ಲ. ದೊಡ್ಡ ಕಂಚಿನ ಶಿಲ್ಪವನ್ನು ಒಂದೇ ಸಲ ಎರಕ ಹೊಯ್ಯುವುದು ಕಷ್ಟ. ತುಂಡು ತುಂಡಾಗಿ ಹೊಯ್ದು ಬೆಸೆದು, ಉಜ್ಜಿ ಗೆರೆ ಮರೆಸುತ್ತಾರೆ. ಕಣ್ಣಿಗೆ ಮರೆಯಾದ ಆ ಗೆರೆ ಅವರ ಬೆರಳಿಗೆ ಸಿಕ್ಕಿತು. ಆಮೇಲೆ ಅವರು ಬೆರಳಿನ ಗೆಣ್ಣಿನಿಂದ ಮೆಲ್ಲಗೆ ತಟ್ಟಿ, "ಒಳಗೆ ಟೊಳ್ಳು" ಅಂದರು. ಅದೂ ಸರಿ. ಆಳೆತ್ತರದ ಕಂಚಿನ ಶಿಲ್ಪದ ಗೋಡೆ ಸಾಮಾನ್ಯವಾಗಿ ಅರ್ಧ ಸೆಂಟಿಮೀಟರ್ ಆಸುಪಾಸು ಮಾತ್ರ. ಹತ್ತಬೇಡಿ ಅಂತ ಮಕ್ಕಳಿಗೆ ಹೇಳುವುದು ಇದಕ್ಕೇ. ಕಲ್ಲಿನಷ್ಟು ಗಟ್ಟಿ ಅಂತ ಕಾಣುವ ತೋಳು ಒಂದು ಚಿಪ್ಪು. ಭಾರ ಬಿದ್ದರೆ ಬೆಸುಗೆ ಬಿಡಬಹುದು.

ಆ ದಿನದ ನಂತರ ನಾನು ಹುಡುಕಲು ಹೇಳುವ ಚಿಕ್ಕ ಚಿಕ್ಕ ಸಂಗತಿಗಳು ಜಾಸ್ತಿಯಾದವು. ಕಂಚಿನ ಶಿಲ್ಪದ ಅತಿ ತಗ್ಗಿನ ಜಾಗದಲ್ಲಿ, ಹಿಮ್ಮಡಿಯ ಹತ್ತಿರವೋ ಮಡಿಲಲ್ಲೋ, ಒಂದು ಪುಟ್ಟ ತೂತು ಇರಬಹುದು. ಮಳೆನೀರು ಹರಿದುಹೋಗಲು ಬಿಟ್ಟದ್ದು. ನೀರು ಒಳಗೇ ನಿಂತರೆ ಕಿಲುಬು ತಿನ್ನುತ್ತದೆ. ಚಳಿ ಪ್ರದೇಶದಲ್ಲಿ ಅದು ಹೆಪ್ಪುಗಟ್ಟಿ ಸುಮಾರು ಶೇ. 9ರಷ್ಟು ಹಿಗ್ಗಿ ಲೋಹವನ್ನೇ ಸೀಳುತ್ತದೆ. ತುಕ್ಕು ಬಣ್ಣದ ಉಕ್ಕಿನ ಕೃತಿ ಕಂಡರೆ ಬಹಳ ಜನ "ಪಾಪ, ಯಾರೂ ನೋಡಿಕೊಂಡಿಲ್ಲ" ಅನ್ನುತ್ತಾರೆ. ಅದು ಕಾರ್ಟೆನ್ ಉಕ್ಕು. ತಾಮ್ರ, ಕ್ರೋಮಿಯಂನಂಥ ಲೋಹ ಸ್ವಲ್ಪ ಬೆರೆತಿರುವುದರಿಂದ ಅದರ ತುಕ್ಕು ಉದುರದೆ ಬಿಗಿಯಾದ ಪದರವಾಗಿ ಒಳಗಿನ ಉಕ್ಕನ್ನು ಕಾಯುತ್ತದೆ. ಆದರೆ ನೆನೆದದ್ದು ಒಣಗಬೇಕು. ಯಾವಾಗಲೂ ಒದ್ದೆ ಇರುವ ಬುಡದಲ್ಲಿ ಅದೂ ಕರಗುತ್ತಾ ಹೋಗುತ್ತದೆ. ಬುಡದ ಸುತ್ತ ಹುಲ್ಲು ಬಿಡದೆ ಜಲ್ಲಿ ಹಾಕಿರುವುದನ್ನು ನೋಡಿರಬಹುದು. ಅದು ನೀರು ಬಸಿಯಲಿ ಅಂತ, ಜೊತೆಗೆ ಹುಲ್ಲು ಕತ್ತರಿಸುವ ಯಂತ್ರ ಶಿಲ್ಪಕ್ಕೆ ತಾಗದಿರಲಿ ಅಂತ. ಆ ಯಂತ್ರದ ಗೀರುಗಳೇ ಎಷ್ಟೋ ಶಿಲ್ಪಗಳ ಪಾದ ಹಾಳು ಮಾಡಿವೆ.

ಎಷ್ಟು ನೋಡಬೇಕು? ಒಂದೂವರೆ ಗಂಟೆಯಲ್ಲಿ ನಾನು ಎಂಟು ಕೃತಿಗಳಿಗಿಂತ ಜಾಸ್ತಿ ತೋರಿಸುವುದಿಲ್ಲ. "ಇಷ್ಟೇನಾ?" ಅಂತ ಬೇಸರ ಮಾಡಿಕೊಂಡವರಿದ್ದಾರೆ. ಆದರೆ ವಿಗೆಲಾಂಡ್ ಉದ್ಯಾನ ಒಂದರಲ್ಲೇ 200ಕ್ಕೂ ಹೆಚ್ಚು ಶಿಲ್ಪಗಳಿವೆ. ಅದರಲ್ಲಿ ಸುಮಾರು 14 ಮೀಟರ್ ಎತ್ತರದ, ಒಂದೇ ಕಲ್ಲಿನ ಕಂಬದ ಮೇಲೆ 121 ಜನರ ಆಕೃತಿಗಳಿವೆ. ಮೂವರು ಕಲ್ಲುಕುಟಿಗರು ಅದನ್ನು ಕೆತ್ತಲು 14 ವರ್ಷ ತೆಗೆದುಕೊಂಡರು. ಅದನ್ನು ನಾವು ಎರಡು ನಿಮಿಷದಲ್ಲಿ ನೋಡಿ ಮುಗಿಸುವುದು ನನಗೆ ಒಪ್ಪಿಗೆಯಿಲ್ಲ. ಗುಂಪು ಹದಿನೈದು ಜನರ ಒಳಗಿರುವ ನಡಿಗೆ ಹುಡುಕಿ. ಅದಕ್ಕಿಂತ ಜಾಸ್ತಿಯಾದರೆ ಹಿಂದಿದ್ದವರಿಗೆ ಕಾಣುವುದು ಮುಂದಿದ್ದವರ ತಲೆ. ಒದ್ದೆ ಹುಲ್ಲಿನಲ್ಲಿ ಜಾರದ ಶೂ ಹಾಕಿ. ಬೆನ್ನಿನ ಚೀಲವನ್ನು ಶಿಲ್ಪದ ಹತ್ತಿರ ಬಂದಾಗ ಎದೆಗೆ ಹಾಕಿಕೊಳ್ಳಿ, ತಿರುಗುವಾಗ ಅದು ಎಲ್ಲಿ ತಾಗುತ್ತದೆ ಅಂತ ನಿಮಗೆ ಗೊತ್ತಾಗುವುದಿಲ್ಲ. ದೂರ ನಡೆಯಲು ಆಗದವರು ಮೊದಲೇ ಹೇಳಿಬಿಡಿ. ದಾರಿ ಬದಲಿಸುವುದು ಸುಲಭ, ಅರ್ಧದಲ್ಲಿ ಒಬ್ಬರನ್ನೇ ಬೆಂಚಿನ ಮೇಲೆ ಬಿಟ್ಟು ಹೋಗುವುದು ನನಗೆ ಬಹಳ ನೋವಿನ ಸಂಗತಿ.

ಎಂಟನೆಯದು ಮುಗಿದ ಮೇಲೆ ನಾವು ಬೇರೆ ದಾರಿ ಹಿಡಿದು ಮೊದಲ ಶಿಲ್ಪಕ್ಕೇ ವಾಪಸ್ ಬರುತ್ತೇವೆ. ಒಂದೂವರೆ ಗಂಟೆಯಲ್ಲಿ ಸೂರ್ಯ ಸರಿದಿರುತ್ತಾನೆ, ಆಗ ಬೆಳಕಿದ್ದ ಮಗ್ಗುಲು ಈಗ ನೆರಳಲ್ಲಿ. ನಾನು ಸುತ್ತು ಹಾಕಿ ಅಂತ ಹೇಳುವುದಿಲ್ಲ. ಒಬ್ಬರು ಹಿಂದೆ ಹೋಗಿರುತ್ತಾರೆ, ಇನ್ನೊಬ್ಬರು ಎರಡು ಪಟ್ಟು ದೂರ ಅಂದಾಜು ಮಾಡುತ್ತಾ ಹಿಂದೆ ಹಿಂದೆ ನಡೆಯುತ್ತಿರುತ್ತಾರೆ, ಮಕ್ಕಳು ಮಂಡಿಯೂರಿ ನೀರಿನ ತೂತು ಹುಡುಕುತ್ತಿರುತ್ತಾರೆ. ಫಲಕದ ಹತ್ತಿರ ಇನ್ನೂ ಯಾರೂ ಬಂದಿರುವುದಿಲ್ಲ.