ಮಣ್ಣು ಬಿಟ್ಟು ವೇಷ ಕಟ್ಟಿದ ಶಿಲ್ಪಿ: ಪುಷ್ಪಮಾಲಾ ಎನ್. ಅವರ ಕಲೆಯ ಹಿನ್ನೆಲೆ

ಪುಷ್ಪಮಾಲಾ ಎನ್. ಅವರ ಹೆಸರು ಬಂದಾಗಲೆಲ್ಲ ಛಾಯಾಚಿತ್ರದ ಮಾತೂ ಬರುತ್ತದೆ. ಆದರೆ ಅವರ ಹೆಸರಾಂತ ಚಿತ್ರಗಳಲ್ಲಿ ಕ್ಯಾಮೆರಾ ಹಿಡಿದವರು ಬೇರೆಯವರು, ಪುಷ್ಪಮಾಲಾ ನಿಂತದ್ದು ಕ್ಯಾಮೆರಾದ ಎದುರಿಗೆ, ವೇಷ ಕಟ್ಟಿಕೊಂಡು. ಕಲಿತದ್ದು ಶಿಲ್ಪ. 1956ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಅವರು ಬರೋಡಾದ ಮಹಾರಾಜ ಸಯಾಜಿರಾವ್ ವಿಶ್ವವಿದ್ಯಾಲಯದಲ್ಲಿ 1985ರಲ್ಲಿ ಸ್ನಾತಕೋತ್ತರ ಪದವಿ ಪಡೆದರು. ಸುಟ್ಟ ಮಣ್ಣಿನಲ್ಲಿ ಹೆಣ್ಣುಮಕ್ಕಳ ಆಕೃತಿಗಳನ್ನು ಮಾಡುತ್ತಿದ್ದ ಆ ಕಾಲದಲ್ಲೇ, 1986ರ ಭಾರತ ತ್ರೈವಾರ್ಷಿಕ ಕಲಾ ಪ್ರದರ್ಶನದಲ್ಲಿ ಚಿನ್ನದ ಪದಕವೂ ಬಂತು.

ತಾವೇ ಪಾತ್ರವಾಗುವ ಕೆಲಸ ಶುರುವಾದದ್ದು ತೊಂಬತ್ತರ ದಶಕದ ನಡುವಿನಲ್ಲಿ. 1996-98ರ 'ಫ್ಯಾಂಟಮ್ ಲೇಡಿ' ಎಂಬ ಛಾಯಾಚಿತ್ರ ಸರಣಿ ಮುಂಬೈಯಲ್ಲಿ ನಡೆಯುವ ಪತ್ತೇದಾರಿ ಕಥೆ. ಹಳೆಯ ಸಾಹಸ ಸಿನಿಮಾಗಳ ನಟಿ ನಾಡಿಯಾಳನ್ನು ನೆನಪಿಸುವ ಮುಖವಾಡದ ನಾಯಕಿಯೂ ಅವರೇ, ಕಳೆದುಹೋದ ಅವಳಿ ಸೋದರಿಯೂ ಅವರೇ. ಸಿನಿಮಾದ ಸ್ಥಿರಚಿತ್ರಗಳಂತೆ ಕಾಣುವ ಇವುಗಳ ಹಿಂದೆ ನಿಜವಾದ ಸಿನಿಮಾ ಯಾವುದೂ ಇಲ್ಲ.

ಇನ್ನೂ ದೊಡ್ಡ ಕೆಲಸ ಬೆಂಗಳೂರಿನಲ್ಲಿ ಆಯಿತು. ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರ ಜೊತೆಗೂಡಿ 2000ದಿಂದ 2004ರವರೆಗೆ ಮಾಡಿದ 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ' ಸರಣಿಯಲ್ಲಿ ರವಿವರ್ಮನ ಬೆಳದಿಂಗಳ ಹೆಂಗಸು, ಬಿಜಾಪುರದ ಹಳೆಯ ವರ್ಣಚಿತ್ರದ ಯೋಗಿನಿ, ಪತ್ರಿಕೆಯ ಫೋಟೋದಲ್ಲಿ ಪೊಲೀಸರ ವಶದಲ್ಲಿ ನಿಂತ ಮಹಿಳೆ, ಹೀಗೆ ಒಬ್ಬೊಬ್ಬರನ್ನೂ ಅವರು ತಮ್ಮ ಮೈಮೇಲೆ ತಂದುಕೊಳ್ಳುತ್ತಾರೆ. ಒಂದು ಭಾಗವಂತೂ ಎದೆಗೆ ನಾಟುತ್ತದೆ: ಬಿಳಿ-ಕಪ್ಪು ಚೌಕಳಿಯ ಪರದೆಯ ಮುಂದೆ, ಅಳತೆಗೆ ಒಡ್ಡಿದ ದೇಹ. ಹತ್ತೊಂಬತ್ತನೆಯ ಶತಮಾನದಲ್ಲಿ ಬ್ರಿಟಿಷ್ ಅಧಿಕಾರಿ ಪೋರ್ಟ್‌ಮನ್ ಅಂಡಮಾನಿನ ಜನರನ್ನು ಇಂಥದೇ ಚೌಕಳಿಯ ಎದುರು ನಿಲ್ಲಿಸಿ ಫೋಟೋ ತೆಗೆದಿದ್ದ. ಮನುಷ್ಯರನ್ನು ಮಾದರಿಗಳಾಗಿ ವಿಂಗಡಿಸುವುದಕ್ಕೆ ಆ ಚೌಕಗಳು ಅಳತೆಗೋಲಾಗಿದ್ದವು. ಅದೇ ಜಾಗಕ್ಕೆ ಓದುಬರಹ ಬಲ್ಲ ನಗರದ ಹೆಂಗಸೊಬ್ಬಳು ತಾನಾಗಿ ಬಂದು ನಿಂತಾಗ, ಯಾರು ಯಾರನ್ನು ಅಳೆಯುತ್ತಿದ್ದಾರೆ ಎಂಬ ಪ್ರಶ್ನೆ ನೋಡುವವರ ಕಡೆಗೇ ತಿರುಗುತ್ತದೆ. ಪರದೆಗೆ ಬಣ್ಣ ಬಳಿಯುವುದು, ಅಲಂಕಾರ, ಸಹಾಯಕರ ಓಡಾಟ ಇವೆಲ್ಲವನ್ನೂ ತೋರಿಸುವ ಚಿತ್ರಗಳು ಸರಣಿಯ ಭಾಗವೇ ಆಗಿರುವುದರಿಂದ, ಶಿಲ್ಪಿಯ ಕೈ ಇಲ್ಲಿ ಬಿಡುವು ಪಡೆದಿಲ್ಲ ಎಂದು ನನಗೆ ಖಚಿತವಾಗಿ ಅನಿಸುತ್ತದೆ.

ಆಮೇಲೆ ಕಿರುಚಿತ್ರಗಳೂ ಭಾರತಮಾತೆಯ ವೇಷಗಳೂ ಬಂದವು. 1898ರಲ್ಲಿ ಪೋರ್ಚುಗೀಸ್ ಕಲಾವಿದ ಸಲ್ಗಾಡೊ ಬರೆದ ಚಿತ್ರವನ್ನು ಮರುಸೃಷ್ಟಿಸಿದ 2014ರ ಕೃತಿಯಲ್ಲಿ, ಕಲ್ಲಿಕೋಟೆಯ ಅರಸ ಸಾಮೂದಿರಿಯ ಆಸ್ಥಾನಕ್ಕೆ ಬಂದ ವಾಸ್ಕೋ ಡ ಗಾಮ ಸ್ವತಃ ಅವರೇ. ಅದು ಆ ವರ್ಷದ ಕೊಚ್ಚಿ ಬಿಯೆನಾಲೆ ಕಲಾಮೇಳದಲ್ಲಿ ಪ್ರದರ್ಶನಗೊಂಡಿತು. ಇದರ ಜೊತೆಗೆ 'ಸೋಂಬೇರಿಕಟ್ಟೆ' ಎಂಬ ಕಾಲ್ಪನಿಕ ಸಂಸ್ಥೆಯನ್ನೂ ಅವರು ಹುಟ್ಟುಹಾಕಿದ್ದಾರೆ. ಊರಿನ ಅರಳಿಮರದ ಕೆಳಗೆ ಕೂತು ಹರಟುವವರ ಆ ಹೆಸರಿನಲ್ಲಿ ಕಲೆಯ ಬಗ್ಗೆ ಉಪನ್ಯಾಸ, ಚರ್ಚೆಗಳು ನಡೆದಿವೆ.

ಪತ್ರಕರ್ತೆ ಗೌರಿ ಲಂಕೇಶ್ ಅವರು 2017ರ ಸೆಪ್ಟೆಂಬರ್ 5ರಂದು ಬೆಂಗಳೂರಿನ ತಮ್ಮ ಮನೆಯ ಮುಂದೆ ಹತ್ಯೆಯಾದರು. ಆ ಬಳಿಕ ಪುಷ್ಪಮಾಲಾ ಭಾರತಮಾತೆಯ ವೇಷದಲ್ಲಿ, ಸಭಿಕರ ಎದುರೇ ಒಲೆ ಹಚ್ಚಿ, ಗೌರಿಯವರ 'ಅರ್ಜೆಂಟ್ ಸಾರು' ಮಾಡಿದರು.