ಗ್ರಹಗಳಿಗೂ ನಿದ್ದೆ ಬರುತ್ತದಾ?

2023ರ ಸೆಪ್ಟೆಂಬರ್ ಮೊದಲ ವಾರ. ಚಂದ್ರನ ಮೇಲೆ ಕತ್ತಲಾಗುತ್ತಿತ್ತು. ಮೊದಲು ಚಂದ್ರಯಾನ-3ರ ಪುಟ್ಟ ಗಾಡಿ ಪ್ರಗ್ಯಾನ್, ಎರಡು ದಿನ ಬಿಟ್ಟು ಅದನ್ನು ಹೊತ್ತು ಇಳಿದಿದ್ದ ಲ್ಯಾಂಡರ್ ವಿಕ್ರಮ್ ನಿದ್ದೆಗೆ ಜಾರಿದವು ಅಂತ ಸುದ್ದಿ ಬಂತು. ಪೇಪರ್ ಓದುತ್ತಿದ್ದ ಅಮ್ಮ, "ಪಾಪ, ಅಲ್ಲಿ ಚಳಿ ಜಾಸ್ತಿ ಅಲ್ವಾ, ಮಲ್ಕೊಳ್ಳಲಿ ಬಿಡು" ಅಂದರು. 22ರಂದು ಇಸ್ರೋದವರು ಎಬ್ಬಿಸಲು ನೋಡಿದರು. ಸಿಗ್ನಲ್ ಬರಲಿಲ್ಲ. ಆ ದಿನ ಬೆಂಗಳೂರಿನಲ್ಲಿ ಎಷ್ಟೋ ಮನೆಗಳಲ್ಲಿ ಜನ ನಿಜವಾಗಿ ಬೇಜಾರು ಮಾಡಿಕೊಂಡರು.

ಯಂತ್ರಕ್ಕೇ ನಿದ್ದೆ ಬರುತ್ತದೆ ಅನ್ನುವ ನಾವು, ಗ್ರಹಕ್ಕೆ ಜೀವ ಇದೆ ಅಂದುಕೊಳ್ಳದೆ ಇರುತ್ತೇವಾ? ಬೆಳಗ್ಗೆ ಎದ್ದು ಕಾಲು ಕೆಳಗಿಡುವ ಮೊದಲು 'ಪಾದಸ್ಪರ್ಶಂ ಕ್ಷಮಸ್ವ ಮೇ' ಅಂತ ಭೂಮಿಯ ಕ್ಷಮೆ ಕೇಳುವವರು ಈಗಲೂ ಇದ್ದಾರೆ. ಮಲೆನಾಡಿನಲ್ಲಿ ಭೂಮಿ ಹುಣ್ಣಿಮೆಗೆ ಗದ್ದೆಯನ್ನು ಬಸುರಿ ಅಂತ ಕಂಡು, ಬಯಕೆ ಊಟ ಬಡಿಸುತ್ತಾರೆ. ತುಳುನಾಡಿನ ಕೆಡ್ಡಸದಲ್ಲಿ ಮೂರು ದಿನ ನೆಲ ಅಗೆಯುವಂತಿಲ್ಲ. ಭೂಮಿ ಮುಟ್ಟಾಗಿದ್ದಾಳೆ, ವಿಶ್ರಾಂತಿ ಬೇಕು.

ಪಶ್ಚಿಮದಲ್ಲೂ ಈ ಯೋಚನೆ ಹಳೆಯದೇ. ಇಡೀ ಜಗತ್ತು ಆತ್ಮವಿರುವ ಒಂದು ಜೀವಿ ಅಂತ ಪ್ಲೇಟೋ ಬರೆದ. ನನಗೆ ಜಾಸ್ತಿ ಇಷ್ಟವಾಗುವುದು ಖಗೋಳ ವಿಜ್ಞಾನಿ ಕೆಪ್ಲರ್. ಚಂದ್ರನ ಸೆಳೆತದಿಂದ ಸಮುದ್ರ ಉಕ್ಕುತ್ತದೆ ಅಂತ 1609ರಲ್ಲೇ ಬರೆದಿದ್ದವನು ಅವನು. ಅದೇ ಮನುಷ್ಯ ಹತ್ತು ವರ್ಷದ ನಂತರ, 1619ರಲ್ಲಿ, ಭೂಮಿ ಒಂದು ಪ್ರಾಣಿಯ ಹಾಗೆ, ಉಬ್ಬರ ಇಳಿತ ಅದರ ಉಸಿರಾಟದ ಹಾಗೆ ಅಂತ ಬರೆದ! ಲೆಕ್ಕದಲ್ಲಿ ಅಷ್ಟು ಗಟ್ಟಿಗನಾಗಿದ್ದವನಿಗೂ ಆ ಉಸಿರನ್ನು ಬಿಟ್ಟುಕೊಡಲು ಮನಸ್ಸು ಬರಲಿಲ್ಲ.

ಭೂವಿಜ್ಞಾನಕ್ಕೆ ತಳಪಾಯ ಹಾಕಿದ ಜೇಮ್ಸ್ ಹಟನ್ ಓದಿದ್ದು ವೈದ್ಯಕೀಯ. 1749ರ ಅವನ ಪ್ರಬಂಧ ರಕ್ತ ಪರಿಚಲನೆಯ ಬಗ್ಗೆ. ಮಣ್ಣು ಸವೆದು ಸಮುದ್ರ ಸೇರುತ್ತದೆ, ಅಲ್ಲಿಂದ ಮತ್ತೆ ಹೊಸ ನೆಲವಾಗಿ ಮೇಲೇಳುತ್ತದೆ ಅಂತ 1785ರಲ್ಲಿ ಅವನು ಹೇಳಿದ್ದನ್ನು ಓದಿದರೆ, ಗಾಯ ಮಾಯುವ ಶರೀರವೇ ಕಣ್ಣ ಮುಂದೆ ಬರುತ್ತದೆ.

ಆಮೇಲೆ ಇದನ್ನು ಕಥೆಗಾರರು ಕೈಗೆತ್ತಿಕೊಂಡರು. 1928ರಲ್ಲಿ ಕಾನನ್ ಡಾಯ್ಲ್ ಬರೆದ ಒಂದು ಕಥೆಯಲ್ಲಿ ಒಬ್ಬ ಪ್ರೊಫೆಸರ್ ಎಂಟು ಮೈಲಿ ಆಳ ಕೊರೆದು ಭೂಮಿಯ ಹಸಿ ಮಾಂಸಕ್ಕೇ ಚುಚ್ಚುತ್ತಾನೆ. ಭೂಮಿ ಕಿರುಚುತ್ತದೆ. 1961ರಲ್ಲಿ ಪೋಲೆಂಡಿನ ಸ್ತಾನಿಸ್ಲಾವ್ ಲೆಮ್ ಇನ್ನೂ ಮುಂದೆ ಹೋದ. ಸಮುದ್ರವೇ ಜೀವಿಯಾಗಿರುವ ಒಂದು ಗ್ರಹ, ಅದನ್ನು ಓದಲೆಂದೇ ಹುಟ್ಟಿದ ಒಂದು ಪೂರ್ತಿ ಕಾಲ್ಪನಿಕ ಶಾಸ್ತ್ರ. ಪುಸ್ತಕಗಳ ರಾಶಿಯೇ ಬೆಳೆದರೂ ಆ ಜೀವಿ ಮಾತ್ರ ಯಾರಿಗೂ ಅರ್ಥವಾಗುವುದಿಲ್ಲ.

ಅದೇ ದಶಕದಲ್ಲಿ ಈ ಮಾತು ಲ್ಯಾಬಿಗೆ ಬಂತು. ಮಂಗಳದಲ್ಲಿ ಜೀವ ಇದೆಯಾ ಅಂತ ಪತ್ತೆ ಹಚ್ಚುವ ಕೆಲಸದಲ್ಲಿ ನಾಸಾ ಜೊತೆಗಿದ್ದ ಜೇಮ್ಸ್ ಲವ್‌ಲಾಕ್, ಅಲ್ಲಿಗೆ ಹೋಗಬೇಕಿಲ್ಲ, ಗಾಳಿ ನೋಡಿದರೆ ಸಾಕು ಅಂದರು. ಮಂಗಳದ ಗಾಳಿ ಬಹುಪಾಲು ಬರೀ ಇಂಗಾಲದ ಡೈಆಕ್ಸೈಡ್. ಭೂಮಿಯ ಗಾಳಿಯಲ್ಲಿ ಆಮ್ಲಜನಕವೂ ಇದೆ, ಮೀಥೇನೂ ಇದೆ. ಇವೆರಡು ಸುಮ್ನೆ ಒಟ್ಟಿಗೆ ಉಳಿಯುವುದಿಲ್ಲ, ಯಾರೋ ತುಂಬುತ್ತಲೇ ಇರಬೇಕು. ತುಂಬುತ್ತಿರುವುದು ಜೀವಿಗಳು. ಹೀಗೆ ಹುಟ್ಟಿದ್ದು ಗಾಯಾ ಸಿದ್ಧಾಂತ: ಜೀವಿಗಳು, ಗಾಳಿ, ನೀರು, ನೆಲ ಎಲ್ಲ ಸೇರಿ ಭೂಮಿ ಒಂದೇ ಜೀವಿಯ ಹಾಗೆ ತನ್ನನ್ನು ತಾನೇ ಸರಿದೂಗಿಸಿಕೊಳ್ಳುತ್ತದೆ ಅನ್ನುವ ಮಾತು. ಮುಂದೆ ಜೀವಶಾಸ್ತ್ರಜ್ಞೆ ಲಿನ್ ಮಾರ್ಗುಲಿಸ್ ಕೂಡ ಜೊತೆಗೂಡಿದರು. ಉಳಿದ ಹಲವು ಜೀವಶಾಸ್ತ್ರಜ್ಞರು ಒಪ್ಪಲಿಲ್ಲ. ಭೂಮಿ ಮರಿ ಹಾಕುವುದಿಲ್ಲ, ಅದಕ್ಕೆ ವಿಕಾಸ ಹೇಗಾಗುತ್ತದೆ ಅಂತ ಕೇಳಿದರು. ಆ ಪ್ರಶ್ನೆ ನ್ಯಾಯವಾದದ್ದೇ, ಭೂಮಿಯನ್ನು ಪ್ರಾಣಿ ಅನ್ನುವುದು ಅಕ್ಷರಶಃ ತಪ್ಪು. ಆದರೆ ಗ್ರಹದ ಉಸಿರು ಹಿಡಿದು ಜೀವ ಹುಡುಕುವುದು ಮಾತ್ರ ನಿಂತಿಲ್ಲ. 2013ರಲ್ಲಿ ಹೊರಟ ನಮ್ಮ ಮಂಗಳಯಾನವೂ ಮೀಥೇನ್ ಹುಡುಕುವ ಒಂದು ಉಪಕರಣ ಹೊತ್ತೊಯ್ದಿತ್ತು.

ಉಸಿರಾಯಿತು, ನಾಡಿ? ಅಪೋಲೋ ಯಾತ್ರಿಗಳು ಚಂದ್ರನ ಮೇಲಿಟ್ಟು ಬಂದ ಕಂಪನಮಾಪಕಗಳು 1977ರವರೆಗೆ ಕೇಳಿಸಿಕೊಂಡವು. ನೂರಾರು ಕಿಲೋಮೀಟರ್ ಆಳದಲ್ಲಿ, ಭೂಮಿಯ ಸೆಳೆತಕ್ಕೆ ಸರಿಯಾಗಿ, ಸುಮಾರು 27 ದಿನಕ್ಕೊಮ್ಮೆ ಅದೇ ಜಾಗ ಮತ್ತೆ ಮತ್ತೆ ನಡುಗುತ್ತಿತ್ತು. ಸತ್ತು ತಣ್ಣಗಾದ ಗೋಳ ಅಂತ ನಾವು ಕರೆಯುತ್ತಿದ್ದ ಚಂದ್ರ! 2018ರಲ್ಲಿ ಮಂಗಳಕ್ಕಿಳಿದ ನಾಸಾದ ನೌಕೆ ಇನ್‌ಸೈಟ್ ನಾಲ್ಕು ವರ್ಷದಲ್ಲಿ 1,300ಕ್ಕೂ ಹೆಚ್ಚು ನಡುಕ ದಾಖಲಿಸಿತು. 'ಸತ್ತ ಗ್ರಹ' ಅನ್ನುವುದಕ್ಕಿಂತ 'ಮಲಗಿದ ಗ್ರಹ' ಅನ್ನುವುದೇ ಸರಿ ಅಂತ ನನಗನ್ನಿಸುವುದು ಇದಕ್ಕೇ. ಸತ್ತದ್ದು ಅಂದರೆ ಅಲ್ಲಿಗೆ ಮುಗಿಯಿತು. ಮಲಗಿದೆ ಅಂದರೆ ಹತ್ತಿರ ಹೋಗಿ ಕಿವಿ ಇಡಬೇಕು ಅನ್ನಿಸುತ್ತದೆ.

ಅಂಥ ಒಂದು ಕಿವಿ ತಯಾರಾದದ್ದು ನಮ್ಮ ಪೀಣ್ಯದಲ್ಲಿ, ಇಸ್ರೋದ ಲಿಯೋಸ್ ಪ್ರಯೋಗಾಲಯದಲ್ಲಿ. ಹೆಸರು ಇಲ್ಸಾ. ಸಿಲಿಕಾನ್‌ನಲ್ಲಿ ಕೊರೆದ ಆರು ಪುಟ್ಟ ಮಾಪಕಗಳು. ಒಳಗೆ ಸ್ಪ್ರಿಂಗಿಗೆ ಸಿಕ್ಕಿಸಿದ ಒಂದು ತೂಕ, ಬಾಚಣಿಗೆ ಹಲ್ಲಿನ ಹಾಗಿರುವ ಎಲೆಕ್ಟ್ರೋಡುಗಳು. ನೆಲ ಕಂಪಿಸಿದರೆ ತೂಕ ಅಲ್ಲಾಡುತ್ತದೆ, ವೋಲ್ಟೇಜ್ ಬದಲಾಗುತ್ತದೆ. ವಿಕ್ರಮ್ ಜೊತೆ ಅದೂ ಚಂದ್ರನ ಮೇಲೆ ಇಳಿಯಿತು. 2023ರ ಆಗಸ್ಟ್ 25ರಂದು ಪ್ರಗ್ಯಾನ್ ಓಡಾಡಿದ್ದು ಅದಕ್ಕೆ ಕೇಳಿಸಿತು. ಮರುದಿನ ಇನ್ನೇನೋ ಕೇಳಿಸಿತು. ಸಹಜ ಘಟನೆಯ ಹಾಗೆ ಕಾಣುತ್ತದೆ, ಮೂಲ ಹುಡುಕುತ್ತಿದ್ದೇವೆ ಅಂತ ಇಸ್ರೋ ಹೇಳಿತು.

ಆ ಎರಡು ಗ್ರಾಫುಗಳನ್ನೂ ಮೊಬೈಲಿನಲ್ಲಿ ಅಮ್ಮನಿಗೆ ತೋರಿಸಿದೆ. ಕನ್ನಡಕ ಏರಿಸಿಕೊಂಡು ಒಂದೊಂದರ ಮೇಲೂ ಬೆರಳಿಟ್ಟು ನೋಡಿದರು. "ಇದ್ರಲ್ಲಿ ಗಾಡಿ ಓಡಿದ್ದು ಯಾವ್ದು, ಅವ್ನು ಮಗ್ಗಲು ಬದಲಾಯ್ಸಿದ್ದು ಯಾವ್ದು?" ಅಂತ ಕೇಳಿದರು.