ಕಿನ್ಶಾಸಾದಿಂದ ಬೆವರೆನ್‌ವರೆಗೆ: ಎಂಬೊಕಾನಿ ಇಷ್ಟು ಅಲೆದಿದ್ದೇಕೆ?

2021ರಲ್ಲಿ ನಮ್ಮ ಫುಟ್‌ಬಾಲ್ ಕ್ಲಬ್ ಬೆಂಗಳೂರು ಎಫ್‌ಸಿ ಪ್ರಿನ್ಸ್ ಇಬಾರಾ ಎಂಬ ಫಾರ್ವರ್ಡ್ ಆಟಗಾರರನ್ನು, ಅಂದರೆ ಮುಂದೆ ನಿಂತು ಗೋಲು ಹೊಡೆಯುವವರನ್ನು, ಕರೆತಂದಿತು. ಕಾಂಗೋದವರು. ಇಲ್ಲಿಗೆ ಬರುವ ಮೊದಲೇ ಅಲ್ಜೀರಿಯಾ, ಬೆಲ್ಜಿಯಂ ಎಲ್ಲ ಸುತ್ತಿ ಬಂದಿದ್ದರು. ನವೆಂಬರ್ 20ರಂದು ನಾರ್ತ್‌ಈಸ್ಟ್ ಯುನೈಟೆಡ್ ಮೇಲೆ 4-2ರಿಂದ ಗೆದ್ದ ಪಂದ್ಯದಲ್ಲಿ ಒಂದು ಗೋಲನ್ನೂ ಹೊಡೆದರು. ಆದರೆ ಕೋವಿಡ್‌ನಿಂದಾಗಿ ಆ ಸಲದ ಇಂಡಿಯನ್ ಸೂಪರ್ ಲೀಗ್ (ಐಎಸ್ಎಲ್) ಪೂರ್ತಿ ಗೋವಾದಲ್ಲೇ ನಡೆಯಿತು. ಕಂಠೀರವದಲ್ಲಿ ಕೂತು ಕೂಗಬೇಕಿದ್ದ ನಾವು ಮನೆಯ ಟಿವಿ ಮುಂದೆ ಕೂತೆವು.

ನನಗೆ ಆಗ ಶುರುವಾದ ಕುತೂಹಲ ಇದು. ಕಾಂಗೋದ ಫಾರ್ವರ್ಡ್‌ಗಳು ಆಡಿದ ಕ್ಲಬ್‌ಗಳ ಪಟ್ಟಿ ಯಾಕೆ ಯಾವಾಗಲೂ ಇಷ್ಟು ಉದ್ದ ಇರುತ್ತದೆ?

ಮೊದಲು ಒಂದು ಮಾತು. ಕಾಂಗೋ ಎಂದರೆ ಎರಡು ದೇಶ. ಇಬಾರಾ ಕಾಂಗೋ ಗಣರಾಜ್ಯದವರು, ಅದರ ರಾಜಧಾನಿ ಬ್ರಾಝವಿಲ್. ಕಾಂಗೋ ನದಿಯ ಆಚೆ ದಡದಲ್ಲಿ ಕಾಣುವುದು ಕಿನ್ಶಾಸಾ. ಅದು ಕಾಂಗೋ ಪ್ರಜಾಸತ್ತಾತ್ಮಕ ಗಣರಾಜ್ಯದ ರಾಜಧಾನಿ. ಒಂದನ್ನು ಫ್ರಾನ್ಸ್ ಆಳಿತ್ತು, ಇನ್ನೊಂದನ್ನು ಬೆಲ್ಜಿಯಂ. ಈ ವ್ಯತ್ಯಾಸವನ್ನು ನೆನಪಿಟ್ಟುಕೊಳ್ಳಿ, ಮುಂದಿನ ಕಥೆಯೆಲ್ಲ ಇದರ ಮೇಲೇ ನಿಂತಿದೆ.

ಈ ಕಥೆಯನ್ನು ಒಬ್ಬರ ಮೂಲಕ ಹೇಳುವುದಾದರೆ ನಾನು ಆರಿಸುವುದು ಡಿಯುಮೆರ್ಸಿ ಎಂಬೊಕಾನಿ ಅವರನ್ನು. ಹುಟ್ಟಿದ್ದು 1985ರ ನವೆಂಬರ್ 22ರಂದು, ಕಿನ್ಶಾಸಾದಲ್ಲಿ. ಡಿಯುಮೆರ್ಸಿ ಎಂದರೆ ಫ್ರೆಂಚಿನಲ್ಲಿ 'ದೇವರಿಗೆ ವಂದನೆ'. ಏಳು ದೇಶಗಳ ಲೀಗ್‌ಗಳಲ್ಲಿ, ಹನ್ನೆರಡು ಕ್ಲಬ್‌ಗಳಿಗೆ ಆಡಿದವರು. ಕಿನ್ಶಾಸಾದ ಬೆಲ್‌ಓರ್, ಲುಬುಂಬಾಶಿಯ ಟಿಪಿ ಮಜೆಂಬೆ, ಆಮೇಲೆ ಬ್ರಸೆಲ್ಸ್, ಲಿಯೇಜ್, ಮೊನಾಕೊ, ವುಲ್ಫ್ಸ್‌ಬರ್ಗ್, ಕೀವ್, ನಾರ್ವಿಚ್, ಹಲ್, ಆಂಟ್ವರ್ಪ್, ಕುವೈತ್, ಬೆವರೆನ್. ಸುಮ್ನೆ ಓದಿದರೆ ಎಲ್ಲೂ ನಿಲ್ಲದ ಮನುಷ್ಯ ಅನಿಸುತ್ತದೆ. ನಿಧಾನವಾಗಿ ನೋಡಿದರೆ ಬೇರೆಯೇ ಚಿತ್ರ. ಪದೇ ಪದೇ ಅವರು ವಾಪಸ್ ಬಂದಿದ್ದು ಒಂದೇ ದೇಶಕ್ಕೆ: ಬೆಲ್ಜಿಯಂಗೆ. ಆ ದಾರಿಯನ್ನು ಅವರು ಹುಡುಕಿಕೊಂಡಿದ್ದಲ್ಲ, ಅವರು ಹುಟ್ಟುವುದಕ್ಕೂ ಮೊದಲೇ ಅದು ಸವೆದಿತ್ತು.

1885ರಿಂದ 1908ರವರೆಗೆ ಕಾಂಗೋ ಬೆಲ್ಜಿಯಂನ ರಾಜ ಎರಡನೇ ಲಿಯೋಪೋಲ್ಡ್‌ನ ಸ್ವಂತ ಆಸ್ತಿಯಾಗಿತ್ತು. ಆ ಕಾಲದಲ್ಲಿ ಆಂಟ್ವರ್ಪ್ ಬಂದರಿಗೆ ಬರುತ್ತಿದ್ದ ಹಡಗುಗಳ ತುಂಬ ರಬ್ಬರ್ ಮತ್ತು ಆನೆದಂತ. ವಾಪಸ್ ಹೋಗುವಾಗ ಅದೇ ಹಡಗುಗಳಲ್ಲಿ ಬಂದೂಕು, ಮದ್ದುಗುಂಡು, ಸೈನಿಕರು. ಹಡಗು ಕಂಪನಿಯೊಂದರಲ್ಲಿ ಗುಮಾಸ್ತರಾಗಿದ್ದ ಇ. ಡಿ. ಮೊರೆಲ್ ಈ ಲೆಕ್ಕ ನೋಡಿಯೇ ಅಲ್ಲಿ ವ್ಯಾಪಾರ ನಡೆಯುತ್ತಿಲ್ಲ, ಜನರಿಂದ ಬಿಟ್ಟಿ ದುಡಿಮೆ ಮಾಡಿಸುತ್ತಿದ್ದಾರೆ ಎಂದು ಅರ್ಥ ಮಾಡಿಕೊಂಡಿದ್ದು. 1908ರಲ್ಲಿ ರಾಜನ ಕೈತಪ್ಪಿದ ನಾಡು ಬೆಲ್ಜಿಯಂ ಸರ್ಕಾರದ ಕೈಗೆ ಹೋಯಿತು.

ಆಟಗಾರರು ಈ ದಾರಿ ಹಿಡಿದಿದ್ದು 1950ರ ದಶಕದಲ್ಲಿ. ಲಿಯೋನ್ ಮೊಕುನಾ 1954ರಲ್ಲಿ ಲಿಸ್ಬನ್‌ನ ಸ್ಪೋರ್ಟಿಂಗ್ ಸೇರಿದರು, ಆಮೇಲೆ ಬೆಲ್ಜಿಯಂನ ಗೆಂಟ್‌ಗೆ ಬಂದರು. 1957ರಲ್ಲಿ ಪೌಲ್ ಬೊಂಗಾ ಬೊಂಗಾ ಬೆಲ್ಜಿಯಂನದೇ ಊರಾದ ಲಿಯೇಜ್‌ನ ಸ್ಟ್ಯಾಂಡರ್ಡ್ ಕ್ಲಬ್ ಸೇರಿದರು. ಅರ್ಧ ಶತಮಾನದ ನಂತರ ಎಂಬೊಕಾನಿ ಹೆಸರು ಮಾಡಿದ್ದು ಇದೇ ಕ್ಲಬ್‌ನಲ್ಲಿ.

1960ರ ಜೂನ್ 30ರಂದು ಕಾಂಗೋಗೆ ಸ್ವಾತಂತ್ರ್ಯ ಸಿಕ್ಕಿತು. 1965ರಲ್ಲಿ ಸೇನಾಧಿಕಾರಿ ಮೊಬುಟು ಅಧಿಕಾರ ಹಿಡಿದರು. ಫುಟ್‌ಬಾಲ್‌ನಿಂದ ದೇಶದ ಹೆಸರು ಎತ್ತಬಹುದು ಎಂದು ಅವರಿಗೆ ಗೊತ್ತಿತ್ತು. ಬೆಲ್ಜಿಯಂನಲ್ಲಿ ಆಡುತ್ತಿದ್ದವರನ್ನು ದುಡ್ಡು ಕೊಟ್ಟು ವಾಪಸ್ ಕರೆಸಿದರು. ಊರಲ್ಲಿದ್ದವರು ಹೊರಗೆ ಹೋಗದಂತೆ ಬಾಗಿಲು ಹಾಕಿದರು. ಫಲವೇನೋ ಬಂತು. 1968ರಲ್ಲಿ ಅಡಿಸ್ ಅಬಾಬದಲ್ಲಿ ಘಾನಾವನ್ನು ಸೋಲಿಸಿ ಆಫ್ರಿಕಾ ಕಪ್. 1974ರಲ್ಲಿ ಈಜಿಪ್ಟ್‌ನಲ್ಲಿ ಇನ್ನೊಂದು. ಆ ಟೂರ್ನಿಯಲ್ಲಿ ಎಂಡಾಯೆ ಮುಲಾಂಬ ಹೊಡೆದ 9 ಗೋಲುಗಳ ದಾಖಲೆಯನ್ನು ಇವತ್ತಿಗೂ ಯಾರೂ ಮುರಿದಿಲ್ಲ. ದೇಶದ ಹೆಸರು ಆಗ ಜೈರ್. ಅದೇ ವರ್ಷ ಪಶ್ಚಿಮ ಜರ್ಮನಿಯಲ್ಲಿ ನಡೆದ ವಿಶ್ವಕಪ್‌ಗೂ ಹೋದರು. ಸಹಾರಾ ಮರುಭೂಮಿಯ ದಕ್ಷಿಣದಿಂದ ವಿಶ್ವಕಪ್‌ಗೆ ಹೋದ ಮೊದಲ ತಂಡ ಅದು.

ಅಲ್ಲಿ ಆಗಿದ್ದು ದುರಂತ. ಸ್ಕಾಟ್ಲೆಂಡ್ ಎದುರು 0-2. ಆಟಗಾರರಿಗೆ ಕೊಡಬೇಕಿದ್ದ ದುಡ್ಡು ಕೈಗೆ ಬರಲಿಲ್ಲ. ಮನಸ್ಸು ಮುರಿದು ಆಡಿದ ಪಂದ್ಯದಲ್ಲಿ ಯುಗೊಸ್ಲಾವಿಯಾ ಎದುರು 0-9. ಬ್ರೆಜಿಲ್ ಎದುರು ಮೂರಕ್ಕಿಂತ ಜಾಸ್ತಿ ಗೋಲು ಬಿಟ್ಟರೆ ಮನೆಗೆ ಮರಳುವುದೇ ಕಷ್ಟ ಎಂಬ ಬೆದರಿಕೆ ಬಂದಿತ್ತು ಎಂದು ಆಟಗಾರರು ಆಮೇಲೆ ಹೇಳಿದರು. ಬ್ರೆಜಿಲ್‌ಗೆ ಸಿಕ್ಕ, ಬ್ರೆಜಿಲ್‌ನವರೇ ಒದೆಯಬೇಕಿದ್ದ ಫ್ರೀ ಕಿಕ್‌ನಲ್ಲಿ ಎಂವೆಪು ಇಲುಂಗಾ ತಾನೇ ಮುಂದೆ ಓಡಿ ಬಂದು ಚೆಂಡನ್ನು ಒದ್ದುಬಿಟ್ಟ ದೃಶ್ಯ ನೀವು ನೋಡಿರಬಹುದು. ನಿಯಮ ಗೊತ್ತಿಲ್ಲದವನು ಎಂದು ಪ್ರಪಂಚವೆಲ್ಲ ವರ್ಷಗಟ್ಟಲೆ ನಕ್ಕಿತು. ಆ ದೃಶ್ಯ ಈಗ ಕಂಡರೆ ನನಗೆ ನಗು ಬರುವುದಿಲ್ಲ. ಪಂದ್ಯ ಮುಗಿದಿದ್ದು 0-3ಕ್ಕೆ.

ಮೊಬುಟು ಆಮೇಲೆ ಫುಟ್‌ಬಾಲ್ ಕಡೆ ತಿರುಗಿ ನೋಡಿದ್ದೇ ಕಡಿಮೆ. ಅದೇ ಅಕ್ಟೋಬರ್‌ನಲ್ಲಿ ಕಿನ್ಶಾಸಾದಲ್ಲಿ ಅಲಿ ಮತ್ತು ಫೋರ್‌ಮನ್ ಬಾಕ್ಸಿಂಗ್ ನಡೆಯಿತು, ಪ್ರಪಂಚದ ಕಣ್ಣು ಅತ್ತ ಹೋಯಿತು. ಮುಲಾಂಬ ಅವರನ್ನು 1994ರಲ್ಲಿ ಟುನಿಸ್‌ನಲ್ಲಿ ಕರೆದು ಸನ್ಮಾನ ಮಾಡಿದರು. ಊರಿಗೆ ಮರಳಿದ ಮೇಲೆ ದುಡ್ಡು ಇದ್ದೀತು ಎಂದು ನುಗ್ಗಿದವರು ಅವರ ಕಾಲಿಗೆ ಗುಂಡು ಹೊಡೆದರು. ದೇಶ ಬಿಟ್ಟು ದಕ್ಷಿಣ ಆಫ್ರಿಕಾ ಸೇರಿದರು, ಕೇಪ್‌ಟೌನ್‌ನಲ್ಲಿ ಕಾರು ನಿಲ್ಲಿಸುವ ಜಾಗ ಕಾಯುವ ಕೆಲಸ ಮಾಡಿದರು. 2019ರಲ್ಲಿ ತೀರಿಕೊಂಡರು. ಊರಲ್ಲೇ ಉಳಿಸಿಕೊಂಡ ಆಟಗಾರನ ಗತಿ ಇದು. ಮುಂದಿನ ತಲೆಮಾರಿನ ಹುಡುಗರು ಹೊರಗಿನ ಕರೆಗೆ ಕಾಯುತ್ತಾ ಕೂತರೆ ತಪ್ಪೇನು, ಅಲ್ವಾ?

ಎಂಬೊಕಾನಿ ಬೆಳೆಯುವ ಹೊತ್ತಿಗೆ ದೇಶದಲ್ಲಿ ಯುದ್ಧದ ವರ್ಷಗಳು. ಆದರೂ ಒಂದು ಕಡೆ ಫುಟ್‌ಬಾಲ್ ಚೆನ್ನಾಗಿತ್ತು. ತಾಮ್ರದ ಗಣಿಗಳ ಊರು ಲುಬುಂಬಾಶಿ, ಅಲ್ಲಿನ ಟಿಪಿ ಮಜೆಂಬೆ. ಶ್ರೀಮಂತ ಉದ್ಯಮಿ ಮೊಯಿಸ್ ಕಟುಂಬಿ ಈ ಕ್ಲಬ್‌ಗೆ ದುಡ್ಡು ಸುರಿದರು. ಆಟಗಾರರನ್ನು ಈ ಸಲ ಹಿಡಿದಿಟ್ಟಿದ್ದು ಒಳ್ಳೆಯ ಸಂಬಳ. ಟ್ರೆಸರ್ ಎಂಪುಟು ಎಂಬ ಅದ್ಭುತ ಆಟಗಾರ ಅಲ್ಲೇ ಉಳಿದರು, ಮಜೆಂಬೆ 2009 ಮತ್ತು 2010ರಲ್ಲಿ ಆಫ್ರಿಕಾದ ಚಾಂಪಿಯನ್ ಆಯಿತು. ಎಂಬೊಕಾನಿ ಅಷ್ಟರಲ್ಲಿ ಹೊರಟಾಗಿತ್ತು. 2006ರಲ್ಲಿ ಬ್ರಸೆಲ್ಸ್‌ನ ಆಂಡರ್‌ಲೆಕ್ಟ್‌ಗೆ ಎರವಲು ಬಂದರು.

ಎರವಲು ಎಂದರೆ ಏನು ಅಂತ ಹೇಳಿಬಿಡುತ್ತೇನೆ. ಆಟಗಾರನ ಒಪ್ಪಂದ ಒಂದು ಕ್ಲಬ್ ಜತೆ ಇರುತ್ತದೆ, ಆಟ ಇನ್ನೊಂದು ಕ್ಲಬ್‌ಗೆ. ಅವಧಿ ಮುಗಿದ ಮೇಲೆ ವಾಪಸ್. ಕೊಳ್ಳುವ ಮೊದಲು ಪರೀಕ್ಷೆ ಮಾಡಲು ಕೆಲವರು ಎರವಲು ತರುತ್ತಾರೆ. ಸಂಬಳದ ಹೊರೆ ಇಳಿಸಿಕೊಳ್ಳಲು ಕೆಲವರು ಕೊಡುತ್ತಾರೆ. ಎಂಬೊಕಾನಿ ಅವರ ಉದ್ದದ ಪಟ್ಟಿಯಲ್ಲಿ ಆಂಡರ್‌ಲೆಕ್ಟ್‌ನ ಮೊದಲ ವರ್ಷ, ವುಲ್ಫ್ಸ್‌ಬರ್ಗ್, ನಾರ್ವಿಚ್, ಹಲ್ ನಾಲ್ಕೂ ಎರವಲೇ. ಅಂದರೆ ಹೋದ ಊರೆಲ್ಲ ಅವರೇ ಬಯಸಿ ಹೋದ ಊರಲ್ಲ.

ಆಂಡರ್‌ಲೆಕ್ಟ್ ಒಂದು ವರ್ಷ ನೋಡಿ ಬಿಟ್ಟುಕೊಟ್ಟಿತು. ಲಿಯೇಜ್‌ನ ಸ್ಟ್ಯಾಂಡರ್ಡ್ ಕೊಂಡುಕೊಂಡಿತು. ಆ ಕ್ಲಬ್ ಲೀಗ್ ಗೆದ್ದು 25 ವರ್ಷ ಆಗಿತ್ತು. ಎಳೆಯ ವಿಟ್ಸೆಲ್, ಫೆಲೈನಿ, ಡೆಫೂರ್ ಮಿಡ್‌ಫೀಲ್ಡ್‌ನಲ್ಲಿ, ಮುಂದೆ ಯೊವಾನೊವಿಚ್ ಜತೆ ಎಂಬೊಕಾನಿ. 2008ರ ಏಪ್ರಿಲ್‌ನಲ್ಲಿ ಅದೇ ಆಂಡರ್‌ಲೆಕ್ಟ್ ಅನ್ನು 2-0ರಿಂದ ಸೋಲಿಸಿ ಲೀಗ್ ಗೆದ್ದರು. ಎರಡೂ ಗೋಲು ಎಂಬೊಕಾನಿ ಅವರವು. ಗೋಲಿಗೆ ಬೆನ್ನು ಮಾಡಿ ನಿಂತು, ಬೆನ್ನಿಗೆ ಅಂಟಿದ ಡಿಫೆಂಡರ್‌ನನ್ನು ಮೈಭಾರದಿಂದಲೇ ತಡೆದು, ಎದೆಯ ಮೇಲೆ ಚೆಂಡು ಇಳಿಸಿಕೊಳ್ಳುವ ಅವರ ಆಟ ನೋಡಲು ಸೊಗಸು. ಮುಂದಿನ ವರ್ಷ ಕೋಚ್ ಲಾಸ್ಲೋ ಬೊಲೋನಿ ಕೈಕೆಳಗೆ ಮತ್ತೆ ಲೀಗ್ ಗೆದ್ದರು. ಈ ಬೊಲೋನಿ ಹೆಸರು ಇನ್ನೊಮ್ಮೆ ಬರುತ್ತದೆ.

2010ರಲ್ಲಿ ಮೊನಾಕೊ ದೊಡ್ಡ ಮೊತ್ತ ಕೊಟ್ಟು ಕರೆಸಿಕೊಂಡಿತು. ಅಲ್ಲಿ ಹೆಚ್ಚು ಗೋಲು ಬರಲಿಲ್ಲ. ಅರ್ಧ ವರ್ಷದಲ್ಲೇ ಜರ್ಮನಿಯ ವುಲ್ಫ್ಸ್‌ಬರ್ಗ್‌ಗೆ ಎರವಲು. ಅಲ್ಲೂ ಬರಲಿಲ್ಲ. ಆ ವರ್ಷ ಮೊನಾಕೊ ಎರಡನೇ ದರ್ಜೆಗೆ ಇಳಿಯಿತು. 2011ರಲ್ಲಿ ಅವರನ್ನು ಮತ್ತೆ ಕರೆದಿದ್ದು ಹಿಂದೆ ಬಿಟ್ಟುಕೊಟ್ಟಿದ್ದ ಆಂಡರ್‌ಲೆಕ್ಟ್. ಬಂದವರೇ ಎರಡು ವರ್ಷ ಎರಡು ಲೀಗ್ ಗೆಲ್ಲಿಸಿದರು. 2012ರ ಬೆಲ್ಜಿಯಂನ ಶ್ರೇಷ್ಠ ಆಟಗಾರನಿಗೆ ಕೊಡುವ ಚಿನ್ನದ ಶೂ ಅವರಿಗೆ ಬಂತು. ಆಫ್ರಿಕಾ ಮೂಲದ ಶ್ರೇಷ್ಠ ಆಟಗಾರನಿಗೆ ಕೊಡುವ ಎಬೊನಿ ಶೂ ಕೂಡ ಅದೇ ವರ್ಷ ಬಂತು.

ದೇಶಕ್ಕಾಗಿ ಆಡಿದ ಒಳ್ಳೆಯ ದಿನಗಳೂ ಆಗಲೇ. 2013ರ ಆಫ್ರಿಕಾ ಕಪ್‌ನಲ್ಲಿ ಘಾನಾ 2-0 ಮುಂದಿತ್ತು. ಊರಲ್ಲೇ ಉಳಿದ ಎಂಪುಟು ಒಂದು, ಊರು ಬಿಟ್ಟ ಎಂಬೊಕಾನಿ ಒಂದು ಹೊಡೆದು ಸಮ ಮಾಡಿದರು. ಕೋಚ್ ಆಗ ಫ್ರಾನ್ಸ್‌ನ ಕ್ಲೋಡ್ ಲೆ ರುವಾ. ಎರಡು ವರ್ಷದ ನಂತರ, 2015ರ ಜನವರಿ 31ರಂದು, ಕ್ವಾರ್ಟರ್ ಫೈನಲ್‌ನಲ್ಲಿ ಎದುರು ಬಂದಿದ್ದು ನದಿಯಾಚೆಯ ಕಾಂಗೋ. ಅದರ ಕೋಚ್ ಇದೇ ಲೆ ರುವಾ! ನದಿಯಾಚೆಯವರು ಎರಡು ಗೋಲು ಹೊಡೆದು ಗೆದ್ದೇಬಿಟ್ಟರು ಅನ್ನುವಾಗ ಎಂಬೊಕಾನಿ 65ನೇ ನಿಮಿಷದಲ್ಲಿ ಒಂದು ತಿರುಗಿಸಿದರು. ಬೊಕಿಲಾ ಸಮ ಮಾಡಿದರು. ಕಿಮ್ವಾಕಿ ಮುಂದೆ ತಂದರು. ಕೊನೆಗೆ ಎಂಬೊಕಾನಿ ಇನ್ನೊಂದು. 4-2. ಮೊದಲೇ ಗೊತ್ತಿರುವ ಫಲಿತಾಂಶವಾದರೂ ಆ ಕೊನೆಯ 25 ನಿಮಿಷ ಈಗ ನೋಡಿದರೂ ಮೈ ಝುಂ ಎನ್ನುತ್ತದೆ. ಸೆಮಿಫೈನಲ್‌ನಲ್ಲಿ ಐವರಿ ಕೋಸ್ಟ್‌ಗೆ ಸೋತರು, ಆದರೆ ಮೂರನೇ ಸ್ಥಾನದ ಪದಕ ಬಂತು.

ಈ ಹೊತ್ತಿಗೆ ಅವರ ಕ್ಲಬ್ ಉಕ್ರೇನ್‌ನ ಡೈನಮೊ ಕೀವ್. 2013ರಲ್ಲಿ ಹೋಗಿದ್ದರು. ಕೆಲವೇ ತಿಂಗಳಲ್ಲಿ ಸರ್ಕಾರದ ವಿರುದ್ಧ ಮೈದಾನ್ ಚಳವಳಿ ಶುರುವಾಯಿತು, ಮುಂದಿನ ವರ್ಷ ಪೂರ್ವದಲ್ಲಿ ಯುದ್ಧ. ಉಕ್ರೇನ್‌ನ ದುಡ್ಡಿನ ಬೆಲೆ ಕುಸಿಯಿತು. ವಿದೇಶಿ ಆಟಗಾರರ ದೊಡ್ಡ ಸಂಬಳ ಅಂಥ ಹೊತ್ತಲ್ಲಿ ಹೊರೆಯೇ. 2015ರಲ್ಲಿ ಇಂಗ್ಲೆಂಡ್‌ನ ನಾರ್ವಿಚ್‌ಗೆ ಎರವಲು ಹೋದರು. ಪ್ರೀಮಿಯರ್ ಲೀಗ್‌ನಲ್ಲಿ 7 ಗೋಲು ಹೊಡೆದರೂ ತಂಡ ಕೆಳಗಿನ ದರ್ಜೆಗೆ ಇಳಿಯಿತು. ಮುಂದಿನ ವರ್ಷ ಹಲ್ ಸಿಟಿ. ಅದೂ ಕೆಳಗಿಳಿಯಿತು.

ನಡುವೆ ಒಂದು ದಿನ ಬರುತ್ತದೆ, 2016ರ ಮಾರ್ಚ್ 22. ದೇಶದ ತಂಡ ಸೇರಲು ಹೊರಟಿದ್ದ ಎಂಬೊಕಾನಿ ಬ್ರಸೆಲ್ಸ್ ವಿಮಾನ ನಿಲ್ದಾಣದಲ್ಲಿದ್ದರು. ಅಲ್ಲಿ ಬಾಂಬ್ ಸ್ಫೋಟವಾಯಿತು. ಅವರಿಗೆ ಗಾಯವಾಗಲಿಲ್ಲ, ಆದರೆ ಪಕ್ಕದಲ್ಲೇ ಸಾವು ಕಂಡಿದ್ದರು. ಅಂಗೋಲಾ ಎದುರಿನ ಪಂದ್ಯಕ್ಕೆ ಹೋಗುವ ಸ್ಥಿತಿಯಲ್ಲಿ ಇರಲಿಲ್ಲ. ಆಮೇಲೆ ಅವರ ದೇಶದ ಫುಟ್‌ಬಾಲ್ ಸಂಸ್ಥೆ ಯಾಕೆ ಬರಲಿಲ್ಲ ಎಂದು ವಿವರಣೆ ಕೇಳಿತು. ನೊಂದ ಎಂಬೊಕಾನಿ ದೇಶಕ್ಕೆ ಇನ್ನು ಆಡುವುದಿಲ್ಲ ಎಂದುಬಿಟ್ಟರು. ಹೀಗೆ ಕೇಳಿದ್ದು ಅನ್ಯಾಯ ಎಂದೇ ನನ್ನ ಅನಿಸಿಕೆ. ಸಾವಿನ ಬಾಯಿಂದ ಬಂದವನನ್ನು ಮೊದಲು ಕೇಳಬೇಕಾದ್ದು 'ಹೇಗಿದ್ದೀಯಪ್ಪಾ' ಎಂದು. ಕೋಪ ತಣಿದ ಮೇಲೆ ಅವರು ವಾಪಸ್ ಬಂದರು. 2021ರ ನವೆಂಬರ್‌ನಲ್ಲಿ, 36ರ ಹೊಸ್ತಿಲಲ್ಲಿ, ಬೆನಿನ್ ಮೇಲೆ 2-0ರಿಂದ ಗೆದ್ದ ವಿಶ್ವಕಪ್ ಅರ್ಹತಾ ಪಂದ್ಯದಲ್ಲಿ ಮೊದಲ ಗೋಲು ಅವರದೇ. ಕೊನೆಯ ಸುತ್ತಿನಲ್ಲಿ ಮೊರಾಕ್ಕೊ ಆ ಕನಸನ್ನು ಮುರಿಯಿತು.

2018ರಲ್ಲಿ ಮತ್ತೆ ಬೆಲ್ಜಿಯಂ. ಈ ಸಲ ಆಂಟ್ವರ್ಪ್, ಆ ರಬ್ಬರ್ ಹಡಗುಗಳ ಊರು. ಕರೆದಿದ್ದು ಬೊಲೋನಿ ಕೋಚ್ ಆಗಿದ್ದ ತಂಡ. ಮೂವತ್ತೆರಡು ದಾಟಿದ ಸ್ಟ್ರೈಕರ್ ಮೇಲೆ ಹಳೆಯ ಗುರು ಇಟ್ಟ ನಂಬಿಕೆ ಸುಳ್ಳಾಗಲಿಲ್ಲ. 2019-20ರ ಲೀಗ್‌ನಲ್ಲಿ 18 ಗೋಲು ಹೊಡೆದು ಜೊನಾಥನ್ ಡೇವಿಡ್ ಜತೆ ಮೊದಲ ಸ್ಥಾನ ಹಂಚಿಕೊಂಡರು. 2020ರ ಆಗಸ್ಟ್ 1ರಂದು, ಜನರಿಲ್ಲದ ಕ್ರೀಡಾಂಗಣದಲ್ಲಿ, ಬ್ರೂಜ್ ತಂಡವನ್ನು 1-0ರಿಂದ ಸೋಲಿಸಿ ಆಂಟ್ವರ್ಪ್ ಬೆಲ್ಜಿಯಂ ಕಪ್ ಗೆದ್ದಿತು.

2021ರಲ್ಲಿ ಕುವೈತ್‌ಗೆ ಹೋದರು. ಸಂಪಾದನೆಯ ಕೊನೆಯ ವರ್ಷಗಳಲ್ಲಿ ಕೊಲ್ಲಿಗೆ ಹೋಗುವುದು ಆಟಗಾರರಿಗೂ ಇದೆ, ನಮ್ಮ ಕರಾವಳಿಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಒಂದೇ ವರ್ಷ. 2022ರಲ್ಲಿ ಬೆಲ್ಜಿಯಂನ ಎರಡನೇ ದರ್ಜೆಯ ಬೆವರೆನ್ ಸೇರಿದರು.

ಬೆವರೆನ್ ಸಣ್ಣ ಊರು. ಆದರೆ ಆಫ್ರಿಕಾದ ಹುಡುಗರಿಗೆ ಆ ಹೆಸರು ಹೊಸದಲ್ಲ. 2000ದ ದಶಕದ ಶುರುವಿನಲ್ಲಿ ಫ್ರಾನ್ಸ್‌ನ ಕೋಚ್ ಜೀನ್ ಮಾರ್ಕ್ ಗಿಯೂ ಐವರಿ ಕೋಸ್ಟ್‌ನ ಅಬಿಜಾನ್ ಊರಿನ ಅಕಾಡೆಮಿಯಿಂದ ಆಟಗಾರರನ್ನು ಸಾಲುಸಾಲಾಗಿ ಇಲ್ಲಿಗೇ ತಂದಿದ್ದರು. ಮುಂದೆ ದೊಡ್ಡ ಹೆಸರು ಮಾಡಿದ ಯಾಯಾ ಟೂರೆ, ಎಬುವೆ, ಗರ್ವಿನ್ಹೊ ಯುರೋಪ್‌ನಲ್ಲಿ ಮೊದಲು ಕಾಲಿಟ್ಟಿದ್ದು ಬೆವರೆನ್‌ನಲ್ಲಿ. ಇಪ್ಪತ್ತರ ಹರೆಯದಲ್ಲಿ ಅವರೆಲ್ಲ ದಾಟಿ ಹೋದ ಆ ಮೈದಾನಕ್ಕೆ ಎಂಬೊಕಾನಿ ಬಂದಾಗ ವಯಸ್ಸು 36. ಆಂಟ್ವರ್ಪ್‌ನಿಂದ ಸ್ಕೆಲ್ಟ್ ನದಿ ದಾಟಿದರೆ ಬೆವರೆನ್ ಸ್ವಲ್ಪವೇ ದೂರ.